ಜೋಳದ ಸುಳಿತಿಗಣೆ: ರೂಪ, ಆಶ್ರಯ, ಜೀವನಕ್ರಮ

ಚಿಂಚೋಳಿ ತಾಲ್ಲೂಕಿನ ಕುಂಚಾವರಂ ತೆಲಂಗಾಣದ ಗಡಿಗೆ ಹೊಂದಿಕೊಂಡ ಅಡವಿಯ ಸೀಮೆ. ಅಲ್ಲಿಂದ ಸೇಡಂ, ಚಿತ್ತಾಪುರಗಳತ್ತ ಸಾಗಿದಂತೆ ಎರೆಭೂಮಿ ಹರಡಿಕೊಳ್ಳುತ್ತದೆ. ತೊಗರಿಯ ವಿಸ್ತಾರ ಎಷ್ಟೇ ಹೆಚ್ಚಿದರೂ ಇಲ್ಲಿಯ ಒಕ್ಕಲಿಗನು ಹಿಂಗಾರಿನ ಬಿಳಿಜೋಳವನ್ನು ಬಿಟ್ಟವನಲ್ಲ. ಅದರ ಕಾಳು ಮನೆಯವರಿಗೆ ರೊಟ್ಟಿ, ಕಣಿಕೆ ದನಕರುಗಳಿಗೆ ಮೇವು. ಇವೆರಡನ್ನೂ ಒಮ್ಮೆಗೇ ಕಸಿಯಬಲ್ಲ ಜೀವಿಯೊಂದು ಜೋಳದ ಕಾಳಿಗಿಂತ ದೊಡ್ಡದಲ್ಲ. ಅದೇ ಸುಳಿತಿಗಣೆ.

ಹೆಸರಿನಲ್ಲಿ ತಿಗಣೆಯೆಂದಿದ್ದರೂ ಇದು ಜಿಗಿಹುಳುಗಳ ಕುಲಕ್ಕೆ ಸೇರಿದುದು. ಬತ್ತದ ಕಂದು ಜಿಗಿಹುಳು ಇದರ ದಾಯಾದಿ. ಅಮೆರಿಕದ ಕೀಟಶಾಸ್ತ್ರಜ್ಞ ಆಶ್‌ಮೀಡ್ 1890ರಲ್ಲಿ ಇದನ್ನು ಮೊದಲು ವರ್ಣಿಸಿದರು. ‘ಪೆರೆಗ್ರಿನಸ್ ಮೈಡಿಸ್’ ಎಂಬುದು ಇದರ ಶಾಸ್ತ್ರೀಯ ನಾಮ. ಲ್ಯಾಟಿನ್ನಿನಲ್ಲಿ ಮೊದಲ ಪದಕ್ಕೆ ಸಂಚಾರಿ ಎಂದೂ ಎರಡನೆಯದಕ್ಕೆ ಮೆಕ್ಕೆಜೋಳದ ಎಂದೂ ಅರ್ಥ. ಬಣ್ಣ ಹಳದಿಗಂದು, ಗಂಡು ಹೆಚ್ಚು ಕಪ್ಪು. ಹಿಂಗಾಲಿನಲ್ಲಿ ಅಲುಗಾಡುವ ಮುಳ್ಳೊಂದಿರುವುದು ಈ ಕುಲದ ಲಕ್ಷಣ.

ಜೋಳ ಮತ್ತು ಮೆಕ್ಕೆಜೋಳ ಇದರ ಮುಖ್ಯ ಆಶ್ರಯಗಳು. ಸಜ್ಜೆ, ಕಬ್ಬು ಹಾಗೂ ಕೆಲವು ಹುಲ್ಲುಗಳ ಮೇಲೂ ಇದು ಕಾಣಸಿಗುತ್ತದೆ. ದ್ವಿದಳ ಜಾತಿಯ ತೊಗರಿ ಇದರ ಆಹಾರವಲ್ಲ.

ಹೆಣ್ಣು ಎಲೆಯ ನಡುದಂಟನ್ನು ಸೀಳಿ, ಒಂದರಿಂದ ನಾಲ್ಕು ಮೊಟ್ಟೆಗಳನ್ನು ಒಳಗಿರಿಸಿ, ಮೇಲೆ ಬಿಳಿಯ ಮೇಣದಂಥ ಪದಾರ್ಥವನ್ನು ಮುಚ್ಚುತ್ತದೆ. ಸುಮಾರು ಒಂದು ವಾರದಲ್ಲಿ ಮರಿಗಳು ಹೊರಬರುತ್ತವೆ. ಅವು ಐದು ಬಾರಿ ಪೊರೆ ಕಳಚಿ, ಎರಡೂವರೆ ವಾರಗಳಲ್ಲಿ ಪ್ರೌಢವಾಗುತ್ತವೆ. ಪ್ರೌಢಕೀಟಗಳಲ್ಲಿ ಎರಡು ಬಗೆ. ಪೈರು ಎಳೆಯದಾಗಿ ರಸಭರಿತವಾಗಿದ್ದರೆ ಗಿಡ್ಡ ರೆಕ್ಕೆಯವು ಹುಟ್ಟಿ, ಅಲ್ಲಿಯೇ ನೆಲೆನಿಂತು ಸಂತಾನ ಬೆಳೆಸುತ್ತವೆ. ಸಂಖ್ಯೆ ಮಿತಿಮೀರಿ ಪೈರು ಸೊರಗಿದಾಗ ಉದ್ದ ರೆಕ್ಕೆಯವು ಹೆಚ್ಚಿ, ಬೇರೆ ಹೊಲಕ್ಕೆ ಹಾರಿಹೋಗುತ್ತವೆ. ಸಂಚಾರಿಯೆಂಬ ನಾಮ ಅನ್ವರ್ಥವಾಗುವುದು ಇಲ್ಲಿಯೇ.

ಕೀಟಗಳು ಸುಳಿಯಲ್ಲಿ ಗುಂಪುಗೂಡಿ ರಸ ಹೀರುವುದರಿಂದ ಎಲೆ ಹಳದಿಗೆ ತಿರುಗುತ್ತದೆ, ಗಿಡ ಕುಳ್ಳಾಗುತ್ತದೆ. ಬಾಧೆ ತೀವ್ರವಾದರೆ ತೆನೆಯೇ ಹೊರಬರುವುದಿಲ್ಲ. ಇವು ವಿಸರ್ಜಿಸುವ ಸಿಹಿಯಾದ ಅಂಟುರಸಕ್ಕೆ ಇರುವೆಗಳು ಮುತ್ತುತ್ತವೆ. ಅದರ ಮೇಲೆ ಕಪ್ಪು ಬೂಷ್ಟು ಬೆಳೆದು ಕಣಿಕೆಯೂ ಕೆಡುತ್ತದೆ. ಎಲೆಗಳಲ್ಲಿ ಹಳದಿ ಪಟ್ಟೆ ಮೂಡಿಸುವ ವೈರಸ್ ರೋಗವನ್ನು ಗಿಡದಿಂದ ಗಿಡಕ್ಕೆ ಒಯ್ಯುವುದೂ ಈ ಕೀಟವೇ. ಹೈದರಾಬಾದಿನ ಸಮೀಪದ ಪಟಾನ್‌ಚೆರುವಿನಲ್ಲಿ 1972ರಲ್ಲಿ ಸ್ಥಾಪಿತವಾದ ಇಕ್ರಿಸ್ಯಾಟ್ ಸಂಸ್ಥೆಯಲ್ಲಿ ಜೋಳದೊಂದಿಗೆ ಈ ಕೀಟವೂ ಸಂಶೋಧನೆಯ ವಸ್ತುವಾಯಿತು.

ಕೀಟದ ಜೀವನಕ್ರಮವನ್ನು ಬಲ್ಲವನಿಗೆ ಎಚ್ಚರ ವಹಿಸಬೇಕಾದ ಕಾಲವೂ ತಿಳಿಯುತ್ತದೆ. ಮೊಟ್ಟೆಯಿಂದ ಪ್ರೌಢಾವಸ್ಥೆಗೆ ಒಂದು ತಿಂಗಳೂ ಬೇಡ; ಆದಕಾರಣ ಎಲೆ ಹಳದಿಯಾದ ಮೇಲೆ ಹೊಲಕ್ಕೆ ಹೋದರೆ ಕಾಲ ಮೀರಿರುತ್ತದೆ. ಪೈರು ಎಳೆಯದಿರುವಾಗಲೇ ವಾರಕ್ಕೊಮ್ಮೆ ಸುಳಿಯನ್ನು ಬಿಡಿಸಿ ನೋಡಬೇಕು, ನಡುದಂಟಿನ ಮೇಲಿನ ಬಿಳಿಚುಕ್ಕೆಗಳನ್ನು ಗುರುತಿಸಬೇಕು. ಹಂಗಾಮುಗಳ ನಡುವೆ ತಾನಾಗಿ ಹುಟ್ಟಿದ ಜೋಳದ ಸಸಿಗಳನ್ನೂ ಕೂಳೆಯನ್ನೂ ಕಿತ್ತುಹಾಕಬೇಕು; ಕೀಟವು ಒಂದು ಬೆಳೆಯಿಂದ ಮತ್ತೊಂದಕ್ಕೆ ದಾಟುವ ಸೇತುವೆ ಅದೇ. ಗುಲಗಂಜಿ ಹುಳು, ಜೇಡಗಳು ಇದನ್ನು ತಿಂದು ರೈತನಿಗೆ ನೆರವಾಗುತ್ತವೆ. ವಿವೇಚನೆಯಿಲ್ಲದೆ ಔಷಧ ಸಿಂಪಡಿಸಿದರೆ ಮೊದಲು ಅಳಿಯುವವರು ಈ ಮಿತ್ರರೇ. ಶಾಲೆಯ ಬಾಲಕನೂ ಕಲಿತು ತನ್ನ ಮನೆಯ ಹೊಲದಲ್ಲಿ ಆಚರಿಸಬಹುದಾದ ವಿದ್ಯೆಯಿದು; ಇದಕ್ಕೆ ಬೇಕಾದುದು ಎರಡು ಕಣ್ಣು ಮತ್ತು ತಪ್ಪದ ನಿಯಮ.