ಸೇನಾ ವಾಹನಗಳ ನಡುವಿನ ಖಾಲಿ ಜಾಗ

ಸೊಲ್ಲಾಪುರ–ಹೈದರಾಬಾದ್ ಹೆದ್ದಾರಿ ಹಿಡಿದು ಹುಮನಾಬಾದಿನ ಕಡೆ ಹೊರಟವರಿಗೆ ದಾರಿಯಲ್ಲಿ ರಾಜೇಶ್ವರ ಸಿಗುತ್ತದೆ. ಬಸವಕಲ್ಯಾಣ ತಾಲ್ಲೂಕಿನ ಊರು. 1948ರ ಸೆಪ್ಟೆಂಬರ್ 14ರ ಮಧ್ಯಾಹ್ನದ ಹೊತ್ತಿಗೆ ಭಾರತೀಯ ಸೇನೆಯ ದಂಡು ಈ ಊರನ್ನು ತಲುಪಿತ್ತು. ಮೇಜರ್ ಜನರಲ್ ಜೆ.ಎನ್. ಚೌಧುರಿ ಅವರ ಪಡೆ ಹೈದರಾಬಾದ್ ನಿಜಾಮರ ಗಡಿ ದಾಟಿದ್ದು ಹಿಂದಿನ ದಿನವಷ್ಟೇ. ಅಂದೇ 61 ಕಿ.ಮೀ. ಒಳಗಿನ ಉಮರ್ಗಾ ಮುಟ್ಟಿ ರಾತ್ರಿ ಅಲ್ಲಿ ತಂಗಿತ್ತು. ಹೈದರಾಬಾದ್ ಸಂಸ್ಥಾನವನ್ನು ಭಾರತಕ್ಕೆ ಸೇರಿಸಿದ ಈ ಕಾರ್ಯಾಚರಣೆಗೆ ಚರಿತ್ರೆಯಲ್ಲಿ ಆಪರೇಷನ್ ಪೋಲೊ ಎಂದು ಹೆಸರು.

ಆ ವೇಗಕ್ಕೆ ಒಂದು ಮುಖ್ಯ ಕಾರಣ ಸೇತುವೆ. ನಳದುರ್ಗದ ಬಳಿ ಬೋರಿ ನದಿಯ ಸೇತುವೆಯನ್ನು ನಿಜಾಮರ ಪಡೆ ಒಡೆಯುವ ಮೊದಲೇ ಭಾರತೀಯ ಸೈನಿಕರು ಅದನ್ನು ವಶಕ್ಕೆ ತೆಗೆದುಕೊಂಡರು. ಪೂರ್ವದಿಂದ ಬಂದ ಇನ್ನೊಂದು ಪಡೆಗೆ ಆ ಅದೃಷ್ಟ ಇರಲಿಲ್ಲ. ಸೂರ್ಯಾಪೇಟೆಯ ಬಳಿ ಮೂಸಿ ನದಿಯ ಸೇತುವೆಯನ್ನು ಹಿಮ್ಮೆಟ್ಟುತ್ತಿದ್ದ ಹೈದರಾಬಾದ್ ಸೇನೆ ಉರುಳಿಸಿಬಿಟ್ಟಿತ್ತು.

ಟ್ಯಾಂಕಿನಂಥ ಭಾರಕ್ಕೆ ರಸ್ತೆಗಿಂತ ಸೇತುವೆಯೇ ದೊಡ್ಡ ಪರೀಕ್ಷೆ. ಅಂದಿನ ಶರ್ಮನ್ ಟ್ಯಾಂಕಿನ ತೂಕ ಸುಮಾರು 30 ಟನ್. ಆದರೂ ಮಳೆಗಾಲದ ಎರೆಮಣ್ಣಿನಲ್ಲಿ ಲಾರಿಯ ಗಾಲಿ ಹೂತುಹೋಗುವ ಕಡೆ ಟ್ಯಾಂಕು ದಾಟಿಬಿಡುತ್ತದೆ. ಲೆಕ್ಕ ಹಾಕಿದರೆ ಕಾರಣ ತಿಳಿಯುತ್ತದೆ. ನಮ್ಮ ಹೆದ್ದಾರಿ ಸೇತುವೆಗಳನ್ನು ಕಟ್ಟುವಾಗ ಎಂಜಿನಿಯರುಗಳು ಇಂಡಿಯನ್ ರೋಡ್ಸ್ ಕಾಂಗ್ರೆಸ್ಸಿನ ನಿಯಮದಂತೆ 70 ಟನ್ನಿನ ಒಂದು ಕಲ್ಪಿತ ಟ್ಯಾಂಕನ್ನು ಅದರ ಮೇಲೆ ಓಡಿಸಿ ನೋಡುತ್ತಾರೆ, ಕಾಗದದ ಮೇಲೆ. ಅದರ ಎರಡು ಉಕ್ಕಿನ ಪಟ್ಟಿಗಳು ತಲಾ 4.57 ಮೀಟರ್ ಉದ್ದ, 84 ಸೆಂ.ಮೀ. ಅಗಲ ನೆಲಕ್ಕೆ ತಾಗುತ್ತವೆ. 70 ಟನ್ನನ್ನು ಆ ಜಾಗಕ್ಕೆ ಹಂಚಿದರೆ ಚದರ ಸೆಂಟಿಮೀಟರಿಗೆ ಬೀಳುವುದು ಒಂದು ಕಿಲೊಗಿಂತಲೂ ಕಡಿಮೆ. ತುಂಬಿದ ಲಾರಿಯ ಟೈರು ಅದೇ ಜಾಗದಲ್ಲಿ ಏಳೆಂಟು ಕಿಲೊ ಒತ್ತುತ್ತದೆ!

ಸೇತುವೆಗೆ ಈ ಹಂಚಿಕೆಯಿಂದ ದೊಡ್ಡ ಲಾಭವಿಲ್ಲ. ಕಾಲುವೆಗೆ ಅಡ್ಡ ಹಾಕಿದ ಹಲಗೆಯ ಮೇಲೆ ಚಪ್ಪಲಿ ಹಾಕಿ ನಿಂತರೂ ಬರಿಗಾಲಲ್ಲಿ ನಿಂತರೂ ಅದು ಬಾಗುವುದು ಒಂದೇ ಸಮ. ಒಟ್ಟು ಭಾರ ಎಷ್ಟು, ಅದು ಕಂಬಗಳ ನಡುವೆ ಎಲ್ಲಿದೆ, ಎಷ್ಟು ಉದ್ದಕ್ಕೆ ಹರಡಿದೆ ಎಂಬುದರ ಮೇಲೆ ಸೇತುವೆ ಬಾಗುವುದು ನಿಂತಿದೆ. ಆದ್ದರಿಂದಲೇ ಸೇನಾ ವಾಹನಗಳ ಮೈಮೇಲೆ ಹಳದಿ ವೃತ್ತದೊಳಗೆ ಕಪ್ಪು ಅಂಕಿಯೊಂದು ಕಾಣುತ್ತದೆ. ತೂಕ ಮತ್ತು ಅಚ್ಚುಗಳ ನಡುವಿನ ದೂರ, ಎರಡನ್ನೂ ಲೆಕ್ಕಕ್ಕೆ ಹಿಡಿದು ಕೊಟ್ಟ ದರ್ಜೆ ಅದು. ಸೇತುವೆಗೂ ಅಂಥದೇ ಅಂಕಿ ಇರುತ್ತದೆ. ವಾಹನದ ಅಂಕಿ ಸೇತುವೆಯದನ್ನು ಮೀರಿದರೆ ಬೇರೆ ದಾರಿ ಹುಡುಕಬೇಕು.

ಆ ಕಾಗದದ ಲೆಕ್ಕದಲ್ಲಿ ಇನ್ನೊಂದು ಷರತ್ತಿದೆ. ಒಂದರ ಹಿಂದೆ ಒಂದು ಟ್ಯಾಂಕು ಬಂದರೆ ಮುಂದಿನದರ ಬಾಲಕ್ಕೂ ಹಿಂದಿನದರ ಮೂತಿಗೂ ನಡುವೆ ಕನಿಷ್ಠ 90 ಮೀಟರ್ ಇರಬೇಕು. ಅಂತರ ತಪ್ಪಿ ಎರಡೂ ಒಂದೇ ಅಂಕಣದ ಮೇಲೆ ನಿಂತರೆ ಲೆಕ್ಕವೆಲ್ಲ ತಲೆಕೆಳಗು.

ಇಂದು ಟ್ಯಾಂಕುಗಳು ದೂರದ ದಾರಿಯನ್ನು ತಾವೇ ಓಡುವುದು ಕಡಿಮೆ. ಟ್ರೇಲರ್ ಅಥವಾ ರೈಲು ಏರುತ್ತವೆ. ಆಗ ಬರುವ ಸಮಸ್ಯೆಯೇ ಬೇರೆ. ಚಾಲಕ ಗಕ್ಕನೆ ಬ್ರೇಕ್ ಹಾಕಿದರೆ ಟ್ರೇಲರ್ ನಿಲ್ಲುತ್ತದೆ, ಮೇಲಿನ ಸರಕು ಮುಂದಕ್ಕೆ ನುಗ್ಗಲು ನೋಡುತ್ತದೆ. ಸರಕು ಬಿಗಿಯುವ ಯುರೋಪಿನ ಮಾನದಂಡದ ಪ್ರಕಾರ ಮುಂದಕ್ಕೆ ಜಾರದಂತೆ ಅದರ ತೂಕದ ಶೇ. 80ರಷ್ಟು ಬಲವನ್ನು ತಡೆಯುವ ಏರ್ಪಾಡು ಬೇಕು. 46 ಟನ್ನಿನ ಟಿ-90 ಟ್ಯಾಂಕಿಗೆ ಅದು ಸುಮಾರು 37 ಟನ್.

ಇಂಥ ಸರಕು ಹೊತ್ತ ವಿಮಾನ ನೆಲ ಬಿಟ್ಟು ಮೂತಿ ಎತ್ತುವಾಗ ಇದು ತಿರುಗುಮುರುಗು, ಸರಕು ಹಿಂದಕ್ಕೆ ಸರಿಯುತ್ತದೆ. 2013ರ ಏಪ್ರಿಲ್ 29ರಂದು ಅಫ್ಘಾನಿಸ್ತಾನದ ಬಗ್ರಾಮಿನಲ್ಲಿ ಐದು ಸೇನಾ ವಾಹನ ಹೊತ್ತ ಬೋಯಿಂಗ್ 747 ಸರಕು ವಿಮಾನಕ್ಕೆ ಆಗಿದ್ದು ಇದೇ. ಬಿಗಿದ ಪಟ್ಟಿಗಳು ಸಾಲದೆ ಬಾಲದ ಕಡೆ ಜಾರಿದ ವಾಹನ ವಿಮಾನದ ಹೈಡ್ರಾಲಿಕ್ ವ್ಯವಸ್ಥೆಯನ್ನೂ ಹಿಂಬದಿಯ ರೆಕ್ಕೆಯ ಯಂತ್ರವನ್ನೂ ಹಾಳುಮಾಡಿತು. ಕ್ಷಣಗಳಲ್ಲಿ ವಿಮಾನ ಬಿತ್ತು. ಸಿಬ್ಬಂದಿ ಏಳೂ ಜನ ಸತ್ತರು.

ಸೈನಿಕರೇ ಸರಕಾದಾಗ ಪಟ್ಟಿ ಬಿಗಿದು ಕೂರಿಸಲಾಗದು. ಲಾರಿಯ ಎತ್ತರದ ಅಟ್ಟದಲ್ಲಿ ಜನ ತುಂಬಿದರೆ ಗುರುತ್ವ ಕೇಂದ್ರ ಮೇಲೇರುತ್ತದೆ, ತಿರುವಿನಲ್ಲಿ ಮಗುಚುವ ಅಪಾಯ ಹೆಚ್ಚುತ್ತದೆ. ಬೆಟ್ಟದ ದಾರಿಯಲ್ಲಂತೂ ತಪ್ಪಿಗೆ ಎಡೆಯೇ ಇಲ್ಲ. 2022ರ ಡಿಸೆಂಬರ್ 23ರಂದು ಉತ್ತರ ಸಿಕ್ಕಿಮಿನ ಜೆಮಾದಲ್ಲಿ ಮೂರು ವಾಹನಗಳ ಸಾಲಿನ ಒಂದು ಲಾರಿ ತಿರುವಿನಲ್ಲಿ ಜಾರಿ ಕಂದಕಕ್ಕೆ ಉರುಳಿ 16 ಯೋಧರು ತೀರಿಕೊಂಡರು.

ಪುಣೆಯಲ್ಲಿ ದಕ್ಷಿಣ ಕಮಾಂಡಿನ ಕೇಂದ್ರ, ಸಿಕಂದರಾಬಾದಿನಲ್ಲಿ ದೊಡ್ಡ ಕಂಟೋನ್ಮೆಂಟ್. ಎರಡನ್ನೂ ಜೋಡಿಸುವುದು ಹುಮನಾಬಾದಿನ ಮೇಲೆ ಹಾಯುವ ಇದೇ ರಾಷ್ಟ್ರೀಯ ಹೆದ್ದಾರಿ 65. ಸೇನೆಯ ಲಾರಿಗಳು ಸಾಲಾಗಿ ಹೋಗುವಾಗ ನಡುವೆ ಬಿಡುವ ಜಾಗ ಕಂಡರೆ ನಮ್ಮ ಕಾರು, ಬೈಕುಗಳಿಗೆ ತೂರಿಕೊಳ್ಳುವ ಆಸೆ. ಗಂಟೆಗೆ 60 ಕಿ.ಮೀ. ವೇಗದ ತುಂಬಿದ ಲಾರಿಯ ಚಾಲಕ ಒಂದು ಸೆಕೆಂಡಿನಲ್ಲಿ ಬ್ರೇಕ್ ಒತ್ತಿದರೂ, ಬ್ರೇಕು ಗುರುತ್ವದ ಅರ್ಧದಷ್ಟು ಬಲದಲ್ಲಿ ಹಿಡಿದರೂ, ಗಾಡಿ ನಿಲ್ಲಲು ಸುಮಾರು 45 ಮೀಟರ್ ಬೇಕು. 80 ಕಿ.ಮೀ. ವೇಗವಾದರೆ ಸುಮಾರು 73 ಮೀಟರ್. ನಡುವೆ ನುಗ್ಗಿದವರು ಆ ದೂರವನ್ನೇ ಕದಿಯುತ್ತಾರೆ. ಹಿಂದಿನ ಲಾರಿಯಲ್ಲಿ ಮದ್ದುಗುಂಡು ಇದೆಯೋ, ಮೂವತ್ತು ಜನ ಇದ್ದಾರೋ ಅವರಿಗೆ ಗೊತ್ತಿರುವುದಿಲ್ಲ. ಬಸವಕಲ್ಯಾಣದ ಬಳಿಯ ಸಸ್ತಾಪುರ ಬಂಗ್ಲಾದಲ್ಲಿ ಹೆದ್ದಾರಿಗೆ ಏರುವ ಸವಾರರು ಅಂಥ ಸಾಲು ಕಂಡರೆ ಕೊನೆಯ ಗಾಡಿ ದಾಟುವವರೆಗೆ ದಯವಿಟ್ಟು ನಿಲ್ಲಲಿ.