ದಂಡ ಒಂದೇ, ಹೊರೆ ಬೇರೆ

ಕುಡಿದು ಗಾಡಿ ಓಡಿಸಿ ಮೊದಲ ಸಲ ಸಿಕ್ಕಿಬಿದ್ದವರಿಗೆ 10 ಸಾವಿರ ರೂಪಾಯಿ ದಂಡ, ಆರು ತಿಂಗಳವರೆಗೆ ಜೈಲು ಅಥವಾ ಎರಡೂ. 2019ರ ತಿದ್ದುಪಡಿಗೆ ಮುಂಚೆ ದಂಡ 2 ಸಾವಿರದವರೆಗೆ ಇತ್ತು. ಇದನ್ನು ರಸ್ತೆಯಲ್ಲೇ ಕಟ್ಟಿ ಮುಗಿಸುವಂತಿಲ್ಲ, ಕೋರ್ಟಿಗೇ ಹೋಗಬೇಕು.

ತಪ್ಪು ತಪ್ಪೇ. ಆದರೆ ವಾರಾಂತ್ಯಕ್ಕೆ ಬೆಂಗಳೂರಿನಿಂದ ಬಂದ ಕಾರಿನವರಿಗೆ ಆ ಮೊತ್ತ ರೆಸಾರ್ಟಿನ ಒಂದು ರಾತ್ರಿಯ ಖರ್ಚು. ರಾಮನಗರದಲ್ಲಿ ರೇಷ್ಮೆ ನೂಲು ತೆಗೆಯುವ ಕೂಲಿಯವರಿಗೆ, ಚನ್ನಪಟ್ಟಣದಲ್ಲಿ ಬೀಡಿ ಕಟ್ಟುವ ಮನೆಗೆ? 2025–26ರ ಉದ್ಯೋಗ ಖಾತರಿ ಕೂಲಿ ದಿನಕ್ಕೆ 370 ರೂಪಾಯಿ. ಆ ಲೆಕ್ಕದಲ್ಲಿ 27 ದಿನದ ದುಡಿಮೆ.

ದಂಡದ ರಸೀದಿಯಲ್ಲಿ ಕಾಣದ ಖರ್ಚುಗಳೂ ಇವೆ. ಕನಕಪುರ, ಮಾಗಡಿಯ ಹಳ್ಳಿಗಳಿಂದ ವಾಯಿದೆಗೆ ಬರುವವರಿಗೆ ಬಸ್ ಚಾರ್ಜು, ವಕೀಲರ ಫೀಸಿನ ಜತೆ ಆ ದಿನದ ಕೂಲಿಯೂ ಹೋಗುತ್ತದೆ. ವಾಯಿದೆ ತಪ್ಪಿದರೆ ವಾರಂಟು.

ದುಡ್ಡಿಲ್ಲದವರು ದಿನಗಳಲ್ಲಿ ತೆರಬೇಕು. 2024ರ ಜುಲೈ 1ರಂದು ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯ ಪ್ರಕಾರ, ದಂಡವಷ್ಟೇ ಶಿಕ್ಷೆಯಾಗಿರುವ ಅಪರಾಧದಲ್ಲೂ 5 ಸಾವಿರದವರೆಗಿನ ದಂಡ ಕಟ್ಟದಿದ್ದರೆ ಎರಡು ತಿಂಗಳವರೆಗೆ, 10 ಸಾವಿರದವರೆಗಿದ್ದರೆ ನಾಲ್ಕು ತಿಂಗಳವರೆಗೆ ಸಾದಾ ಸಜೆ ಆಗಬಹುದು.

ಜಾಮೀನಿನ ಕಥೆಯೂ ಇಂಥದ್ದೇ. ಆದೇಶ ಸಿಕ್ಕರೂ ಪಹಣಿ ಇರುವ ಜಾಮೀನುದಾರರು ಸಿಗಬೇಕು. ಬಿಡದಿಯ ಕಾರ್ಖಾನೆಗೆ ಹೊರರಾಜ್ಯದಿಂದ ಬಂದ ಗುತ್ತಿಗೆ ಕಾರ್ಮಿಕನಿಗೆ ಇಲ್ಲಿ ಯಾರ ಹೊಲ ಆಸರೆ? 1978ರಲ್ಲಿ ಮೋತಿರಾಮ್ ಎಂಬ ಗಾರೆ ಕೆಲಸದವರ ಪ್ರಕರಣದಲ್ಲಿ ನ್ಯಾಯಮೂರ್ತಿ ಕೃಷ್ಣ ಅಯ್ಯರ್ ಇದನ್ನೇ ಎತ್ತಿಕೊಂಡರು. ಮ್ಯಾಜಿಸ್ಟ್ರೇಟರು 10 ಸಾವಿರದ ಜಾಮೀನು ಕೇಳಿದ್ದಲ್ಲದೆ, ಆಸ್ತಿ ಬೇರೆ ಜಿಲ್ಲೆಯಲ್ಲಿದೆ ಎಂದು ಅವರ ಸಹೋದರನ ಜಾಮೀನನ್ನೂ ಒಪ್ಪಿರಲಿಲ್ಲ. ಸುಪ್ರೀಂ ಕೋರ್ಟ್ 1 ಸಾವಿರ ರೂಪಾಯಿಯ ಸ್ವಂತ ಮುಚ್ಚಳಿಕೆ ಸಾಕೆಂದಿತು.

ಪರಿಹಾರಗಳು ಇಲ್ಲವೆಂದಲ್ಲ. ಬರೀ ದಂಡದ ಶಿಕ್ಷೆಯಾದಾಗ 30 ದಿನಗಳ ಗಡುವನ್ನೋ ಎರಡು ಮೂರು ಕಂತನ್ನೋ ಕೊಡುವ ಅಧಿಕಾರ ನ್ಯಾಯಾಲಯಕ್ಕಿದೆ. ಮಹಿಳೆಯರಿಗೆ, ಪರಿಶಿಷ್ಟ ಜಾತಿ, ಪಂಗಡದವರಿಗೆ, ಬಂಧನದಲ್ಲಿರುವವರಿಗೆ ಆದಾಯದ ಮಿತಿಯಿಲ್ಲದೆ ಉಚಿತ ವಕೀಲರು ಸಿಗುತ್ತಾರೆ, ಸಹಾಯವಾಣಿ 15100. ಕೇಂದ್ರದ 2023ರ ಬಡ ಕೈದಿಗಳ ಯೋಜನೆಯಲ್ಲಿ ದಂಡಕ್ಕೂ ಜಾಮೀನಿಗೂ ನೆರವಿದೆ; ಶುರುವಿನಲ್ಲಿ ಅದರ ಮಿತಿ ಕ್ರಮವಾಗಿ 25 ಸಾವಿರ, 40 ಸಾವಿರ ಇತ್ತು. ಆದರೆ ಇವೆಲ್ಲ ಕೇಳಿದವರಿಗೆ ಸಿಗುವಂಥವು. ಕಟಕಟೆಯಲ್ಲಿ ಕೈಮುಗಿದು ನಿಂತವರಿಗೆ ಕೇಳಬಹುದೆಂದೇ ಗೊತ್ತಿರುವುದಿಲ್ಲ.

ರಾಜ್ಯ ಸರ್ಕಾರ 2023ರಿಂದ ಆಗಾಗ ಸಂಚಾರ ದಂಡದ ಬಾಕಿಗೆ ಶೇ 50ರ ರಿಯಾಯಿತಿ ಕೊಟ್ಟಿದೆ. ಅದರ ಲಾಭ ಬಾಕಿ ಉಳಿಸಿಕೊಂಡ ಶ್ರೀಮಂತರಿಗೂ ಸಿಕ್ಕಿತು. ಸಾಲ ಮಾಡಿ ಮೊದಲೇ ಕಟ್ಟಿದ ಕೂಲಿಯವರಿಗೆ ದಕ್ಕಲಿಲ್ಲ. ಫಿನ್ಲೆಂಡ್ 1921ರಲ್ಲೇ ದಂಡವನ್ನು ದಿನದ ಆದಾಯಕ್ಕೆ ಕಟ್ಟಿತು. ನಮ್ಮಲ್ಲಿ ಆ ಕಾನೂನು ಬರುವತನಕ ಕಾಯಬೇಕಿಲ್ಲ. ದಂಡ ಹಾಕುವ ಮುನ್ನ ‘ದಿನಕ್ಕೆ ಎಷ್ಟು ದುಡಿಯುತ್ತೀರಿ?’ ಎಂದು ನ್ಯಾಯಪೀಠವೇ ಕೇಳಿ, ಕಂತಿನ ದಾರಿಯನ್ನೂ ತಾನೇ ಹೇಳಿದರೆ ಅದಕ್ಕೆ ಹೊಸ ಕಾಯ್ದೆಯೇನೂ ಬೇಡ.