ಪರಭಾಷೆಯ ಅಂಗಳದಲ್ಲಿ ಗುರುದತ್ತ

ಸಿಸಿಲಿ ದ್ವೀಪದಲ್ಲಿ 1897ರಲ್ಲಿ ಹುಟ್ಟಿದ ಫ್ರಾಂಕ್ ಕಾಪ್ರಾ ಆರನೆಯ ವಯಸ್ಸಿನಲ್ಲಿ ತಂದೆತಾಯಿಗಳೊಡನೆ ಕಡಲು ದಾಟಿ ಅಮೆರಿಕೆಗೆ ಬಂದನು. ಮುಂದೆ ಹಾಲಿವುಡ್ಡಿನ ನಿರ್ದೇಶಕನಾಗಿ ಅಮೆರಿಕನ್ನರ ಬಾಳನ್ನು ಅಮೆರಿಕನ್ನರಿಗೇ ತೋರಿಸಿಕೊಟ್ಟನು. ಉತ್ತಮ ನಿರ್ದೇಶನದ ಆಸ್ಕರ್ ಪಾರಿತೋಷಕ ಮೂರು ಸಲ ಅವನ ಪಾಲಿಗೆ ಬಂದಿತು. ಈ ಇಟಲಿಯವನ ಕಥೆಯನ್ನು ಓದಿದಾಗಲೆಲ್ಲ ನನಗೆ ನೆನಪಾಗುವವರು ನಮ್ಮ ಗುರುದತ್ತ ಪಡುಕೋಣೆಯವರು. ‘ನಮ್ಮ’ ಎಂದು ಬರೆದೆ. ಆ ಮಾತನ್ನಾಡಲು ನಮಗೆ ಎಷ್ಟರಮಟ್ಟಿನ ಹಕ್ಕಿದೆಯೆಂಬುದನ್ನು ತುಸು ವಿಚಾರಿಸಬೇಕು.

ಅವರು ಹುಟ್ಟಿದ್ದು ಬೆಂಗಳೂರಿನಲ್ಲಿ, 1925ರ ಜುಲೈ 9ರಂದು. ಮನೆಮಾತು ಕೊಂಕಣಿ. ಬೆಳೆದದ್ದು ಕಲಕತ್ತೆಯ ಬಂಗಾಲಿ ನುಡಿಯ ನಡುವೆ. ಆಲ್ಮೋರಾದಲ್ಲಿ ಉದಯಶಂಕರರ ಬಳಿ ನೃತ್ಯ ಕಲಿತು, 1944ರಲ್ಲಿ ಪುಣೆಯ ಪ್ರಭಾತ ಫಿಲ್ಮ್ ಕಂಪನಿಯನ್ನು ಸೇರಿದರು. ಆ ಪ್ರಭಾತದ ಸ್ಥಾಪಕರಲ್ಲೊಬ್ಬರಾದ ಶಾಂತಾರಾಮರು ಹುಡುಗರಾಗಿದ್ದಾಗ ಹುಬ್ಬಳ್ಳಿಯ ರೇಲ್ವೆ ವರ್ಕ್‌ಶಾಪಿನಲ್ಲಿಯೂ ಸಿನೆಮಾ ಮಂದಿರದಲ್ಲಿಯೂ ದುಡಿದಿದ್ದರು. ಅಬ್ಬಿಗೇರಿಯಲ್ಲಿ ಕುಳಿತು ಬರೆಯುವವನಿಗೆ ಇಷ್ಟನ್ನು ಹೇಳದೆ ಮುಂದೆ ಸಾಗಲು ಮನಸ್ಸು ಬಾರದು!

1951ರಲ್ಲಿ ‘ಬಾಜಿ’ಯಿಂದ ಅವರ ಮುಂಬಯಿಯ ನಿರ್ದೇಶನ ಮೊದಲಾಯಿತು. 1957ರ ‘ಪ್ಯಾಸಾ’ದ ನಾಯಕನೋ ಉರ್ದೂ ಕವಿ. ಅವನಿಗೆ ಮಾತು ಕೊಟ್ಟವರು ಅಬ್ರಾರ್ ಅಲ್ವಿ, ಕವಿತೆ ಕೊಟ್ಟವರು ಸಾಹಿರ್ ಲುಧಿಯಾನ್ವಿ. ಹಾಗಾದರೆ ಗುರುದತ್ತರದೇ ಆದದ್ದು ಯಾವುದು? ನನ್ನ ಮಟ್ಟಿಗೆ, ನೋಟ. ಆ ನೋಟಕ್ಕೆ ಕಣ್ಣಾಗಿ ಒದಗಿದವರು ಮೈಸೂರಿನ ವಿ. ಕೆ. ಮೂರ್ತಿ. ‘ಬಾಜಿ’ಯಲ್ಲಿ ಇನ್ನೊಬ್ಬ ಛಾಯಾಗ್ರಾಹಕರಿಗೆ ಸಹಾಯಕರಾಗಿದ್ದ ಮೂರ್ತಿಯವರ ಕೈಚಳಕವನ್ನು ಕಂಡ ಗುರುದತ್ತರು, ಮುಂದಿನ ಚಿತ್ರದಿಂದಲೇ ಕ್ಯಾಮರಾವನ್ನು ಅವರಿಗೆ ಒಪ್ಪಿಸಿದರು.

1959ರ ‘ಕಾಗಜ್ ಕೆ ಫೂಲ್’ ಚಿತ್ರದಲ್ಲಿ, ಕತ್ತಲು ಕವಿದ ಸ್ಟುಡಿಯೋದೊಳಗೆ ಮೇಲಿನಿಂದ ಬೆಳಕಿನ ಕಂಬವೊಂದು ಇಳಿದುಬರುತ್ತದೆ. ನಿರ್ದೇಶಕನೂ ನಟಿಯೂ ಅದರ ಅತ್ತಿತ್ತ ಮೌನವಾಗಿ ನಿಲ್ಲುತ್ತಾರೆ. ಅದು ದೀಪದ ಬೆಳಕಲ್ಲ, ಬಿಸಿಲು! ಹೊರಗೊಂದು ದೊಡ್ಡ ಕನ್ನಡಿಯಿಟ್ಟು ಬಿಸಿಲನ್ನು ಹಿಡಿದು, ಒಳಗೆ ಎತ್ತರದಲ್ಲಿಟ್ಟ ಇನ್ನೊಂದು ಕನ್ನಡಿಯಿಂದ ಅದನ್ನು ಕೆಳಗೆ ಬೀಳಿಸಿದರು ಮೂರ್ತಿ. ಒಬ್ಬರನ್ನೊಬ್ಬರು ಬಯಸಿಯೂ ಸೇರಲಾರದವರ ಸಂಕಟವನ್ನು ಹೇಳಲು ಅಲ್ಲಿ ಯಾವ ಭಾಷೆಯ ಹಂಗೂ ಬೇಕಾಗಿಲ್ಲ. ಆದರೆ ಜನ ಒಲಿಯಲಿಲ್ಲ, ಚಿತ್ರ ಸೋತಿತು. ಗುರುದತ್ತರು ನಿರ್ದೇಶಕರೆಂದು ಮತ್ತೆ ಹೆಸರು ಹಾಕಿಕೊಳ್ಳಲೇ ಇಲ್ಲ. 1964ರ ಅಕ್ಟೋಬರ್ 10ರಂದು ತೀರಿಕೊಂಡಾಗ ಅವರಿಗೆ ಮೂವತ್ತೊಂಬತ್ತು ವರ್ಷ.

ಕನ್ನಡ ನೆಲದಲ್ಲಿ ಹುಟ್ಟಿದವರೆಂದು ಹಿಗ್ಗುವವರು ಕೆಲವರು. ಕನ್ನಡದಲ್ಲಿ ಒಂದು ಚಿತ್ರವನ್ನೂ ನಿರ್ದೇಶಿಸದವರ ಗೊಡವೆ ನಮಗೇಕೆನ್ನುವವರು ಕೆಲವರು. ಈ ಎರಡೂ ಮಾತು ಅವಸರದವು. ಬೇಂದ್ರೆಯವರ ಮನೆಮಾತು ಮರಾಠಿ, ಮಾಸ್ತಿಯವರದು ತಮಿಳು, ಗೋವಿಂದ ಪೈಗಳದು ಗುರುದತ್ತರದೇ ಕೊಂಕಣಿ. ಇವರನ್ನು ಹೊರಗಿನವರೆಂದು ತರಗತಿಯಲ್ಲಿ ನಾವು ಎಂದೂ ಪಾಠ ಹೇಳಿಲ್ಲ. ಹೀಗಿರುವಾಗ, ಹಿಂದಿ ಚಿತ್ರರಂಗಕ್ಕೆ ಹೋಗಿ ಅಲ್ಲಿಯ ಬಾಳನ್ನೇ ತಮ್ಮದಾಗಿಸಿಕೊಂಡವರನ್ನು ಹಿಂದಿಯವರು ತಮ್ಮವರೆಂದರೆ ನಾವು ಮುನಿಯಲಾಗದು. ಹುಟ್ಟೂರಿನ ದಾಖಲೆಯೊಂದನ್ನೇ ಹಿಡಿದು ಹಕ್ಕು ಸಾಧಿಸುವುದು ನನಗಂತೂ ಒಪ್ಪಿಗೆಯಿಲ್ಲ.

ಕನ್ನಡಕ್ಕೆ ಉಳಿದಿರುವ ನಂಟು ಬೇರೆ ಬಗೆಯದು. ಮಗನನ್ನು ಕಳೆದುಕೊಂಡ ತಾಯಿ ವಾಸಂತಿ ಪಡುಕೋಣೆಯವರು ಅವನ ಬಾಳನ್ನು ಬರೆಯಲು ಆರಿಸಿಕೊಂಡದ್ದು ಕನ್ನಡವನ್ನು; ಪುಸ್ತಕದ ಹೆಸರು ‘ನನ್ನ ಮಗ ಗುರುದತ್ತ’. ಇನ್ನು ಮೂರ್ತಿಯವರು. ಇಳಿವಯಸ್ಸಿನಲ್ಲಿ, 1993ರಲ್ಲಿ ತೆರೆಕಂಡ ‘ಹೂವು ಹಣ್ಣು’ ಎಂಬ ಕನ್ನಡ ಚಿತ್ರಕ್ಕೆ ಅವರು ಕ್ಯಾಮರಾ ಹಿಡಿದರು. 2008ನೆಯ ಸಾಲಿನ ಫಾಲ್ಕೆ ಪ್ರಶಸ್ತಿ ಬಂದಾಗ, ಛಾಯಾಗ್ರಾಹಕರೊಬ್ಬರಿಗೆ ಆ ಗೌರವ ಸಂದದ್ದು ಅದೇ ಮೊದಲು. 2014ರಲ್ಲಿ ಬೆಂಗಳೂರಿನಲ್ಲಿ ಅವರು ತೀರಿಕೊಂಡರು. ಗುರುದತ್ತರು ಅಗಲಿ ಆಗ ಐವತ್ತು ವರ್ಷವಾಗುತ್ತ ಬಂದಿತ್ತು.